ನಿಜವೆಂದೇ ಇಟ್ಟುಕೊಂಡರೂ

"ಅಜ್ಜಾರ, ಮಂದಿ ಮೇವಿನ ಬಣವಿಗೆ ಬೆಂಕಿ ಹಚ್ಚಿದವ ನಾನಲ್ಲ. ಮ್ಯಾಲಿನ ಕೋರ್ಟಿನ್ಯಾಗ ಈ ಕೇಸು ರದ್ದು ಮಾಡಿಸಿದ್ರ ನನ್ನ ಹೆಸರಿಗೆ ಹತ್ತಿದ ಮಸಿ ಹೋಗತೈತಿ, ಹೌದಲ್ರಿ?" ಎಂದು ಶಿಷ್ಯ ಈರಸಂಗಪ್ಪ ಗುರುಗಳನ್ನು ಕೇಳಿದ. ಸಹಿ ಹಾಕುವುದೊಂದೇ ಬಾಕಿಯಿದ್ದ ಅರ್ಜಿ ಅವನ ಕೈಯಲ್ಲಿತ್ತು.

ಗುರುಗಳು ಅರ್ಜಿಯನ್ನು ನೋಡಲಿಲ್ಲ. ಒಂದು ಕತೆ ಹೇಳಿದರು.

ಒಬ್ಬ ಅಂಬಿಗನಿದ್ದ. ಒಂದು ದಿನ ನಡುಹೊಳೆಯಲ್ಲಿ ಅವನ ದೋಣಿ ಮಗುಚಿತು. ಒಬ್ಬ ವಿಧವೆಯ ಒಬ್ಬಳೇ ಮಗಳು ನೀರುಪಾಲಾದಳು. ದಡದಲ್ಲಿ ನಿಂತಿದ್ದ ತಾಯಿ ದೂರು ಕೊಟ್ಟಳು: ಮಗಳು ಕೈ ಚಾಚಿದಳು, ಅಂಬಿಗ ಹಿಡಿಯಲಿಲ್ಲ. ಹಿಡಿದಿದ್ದೆ, ಜಾರಿಹೋಯಿತು ಎಂದ ಅಂಬಿಗ. ಹತ್ತಿರದಿಂದ ನೋಡಿದವನು ಮಗುಚಿದ ದೋಣಿಗೆ ಜೋತುಬಿದ್ದಿದ್ದ ಬಳೆಗಾರನೊಬ್ಬನೇ. ಅವನೋ ಬಾಯಿ ಬಿಡಲೊಲ್ಲ. ಈಗ ಏನು ಹೇಳಿದರೂ ಊರು ಎರಡಾಗುತ್ತದೆ, ಕೋರ್ಟಿನಲ್ಲಿ ಪ್ರಮಾಣ ಮಾಡಿ ಹೇಳುತ್ತೇನೆ, ಅಲ್ಲಿಯವರೆಗೆ ನನ್ನನ್ನು ಕೇಳಬೇಡಿ ಎಂದುಬಿಟ್ಟ.

ಕೋರ್ಟಿನ ವಾಯಿದೆಗಳು ಹೇಗಿರುತ್ತವೆ ಎಂದು ನಿನಗೇ ಗೊತ್ತು. ನ್ಯಾಯಾಧೀಶರು ಬಂದ ದಿನ ವಕೀಲರಿಲ್ಲ. ವಕೀಲರು ಬಂದ ದಿನ ನ್ಯಾಯಾಧೀಶರಿಗೆ ವರ್ಗ. ಅಂಬಿಗ ದೋಣಿ ಕಟ್ಟಿಹಾಕಿ ಹೋದ, ಬಂದ, ಮತ್ತೆ ಹೋದ. ವಿಧವೆಯೂ ಪ್ರತಿ ಸಲ ಬಂದು ಮೆಟ್ಟಿಲ ಮೇಲೆ ಕುಳಿತಿರುತ್ತಿದ್ದಳು. ಅವನಿಗೆ ಶಿಕ್ಷೆಯಾಗಲಿ ಎನ್ನುವುದಕ್ಕಿಂತ, ಮಗಳಿಗೆ ಕಡೆಯ ಗಳಿಗೆಯಲ್ಲಿ ಏನಾಯಿತು ಎಂದು ಬಳೆಗಾರನ ಬಾಯಿಂದ ಕೇಳಬೇಕಿತ್ತು ಅವಳಿಗೆ. ಪಾಪ, ಅಂಬಿಗನಿಗೂ ಬೇಕಾಗಿದ್ದದ್ದು ಅದೇ.

ಸೋತು ಸುಣ್ಣವಾದ ಅಂಬಿಗ ವಕೀಲನ ಮಾತು ಕೇಳಿ, ಕೇಸು ರದ್ದು ಮಾಡಿರೆಂದು ಮೇಲಿನ ಕೋರ್ಟಿಗೆ ಅರ್ಜಿ ಹಾಕಿದ. ಕೆಳಗಿನ ಕೋರ್ಟಿನ ವಿಚಾರಣೆಗೆ ತಡೆ ಸಿಕ್ಕಿತು. ಆ ತಡೆ ಆರು ವರ್ಷ ಇತ್ತು. ಅಷ್ಟರಲ್ಲಿ ಬಳೆಗಾರ ತೀರಿಕೊಂಡ. ಆಮೇಲೆ ಆದೇಶ ಬಂತು: ದೂರಿನಲ್ಲಿ ಬರೆದಿರುವುದೆಲ್ಲ ನಿಜವೆಂದೇ ಇಟ್ಟುಕೊಂಡರೂ ಕಾನೂನಿನ ಪ್ರಕಾರ ಇದು ಅಪರಾಧವಾಗುವುದಿಲ್ಲ, ಕೇಸು ರದ್ದು. ಆದರೆ ಅದು ನಿಜವಲ್ಲವಲ್ಲ ಎಂದ ಅಂಬಿಗ. ಅದನ್ನೆಲ್ಲ ಇಲ್ಲಿ ನೋಡುವುದಿಲ್ಲ, ಗೆದ್ದೆಯಲ್ಲ, ಮನೆಗೆ ನಡೆ ಎಂದ ವಕೀಲ.

ಅಂಬಿಗ ಆದೇಶದ ಪ್ರತಿ ಹಿಡಿದು ನೆಟ್ಟಗೆ ವಿಧವೆಯ ಬಾಗಿಲಿಗೆ ಹೋದ. ಯಾಕಾದರೂ ಹೋದನೋ! ಅವಳು ಅಷ್ಟರಲ್ಲಾಗಲೇ ಯಾರಿಂದಲೋ ಅದನ್ನು ಓದಿಸಿ ಕೇಳಿದ್ದಳು.

"ಎಲ್ಲಾ ಖರೇ ಅಂತ ಇಟ್ಕೊಂಡ್ರೂ ನಿಂದು ತಪ್ಪಿಲ್ಲಂತ. ಹಂಗಾದ್ರ ಖರೇ ಏನು, ನೀ ಕೈ ಹಿಡೀಲಿಲ್ಲ?"

"ಹಿಡಿದಿದ್ದೆ ಯವ್ವಾ. ಈ ಹೊಳಿ ಗಂಗವ್ವನ ಆಣಿ, ಹಿಡಿದಿದ್ದೆ."

"ಮತ್ತ ಅಲ್ಯಾಕ ಹೇಳಲಿಲ್ಲ?"

"ಅಲ್ಲಿ ಯಾರೂ ಕೇಳಲಿಲ್ಲ."

ಅವಳು ಬಾಗಿಲು ಹಾಕಿಕೊಂಡಳು. ಅವನು ಹೊರಗೆ ಕುಳಿತು ಅತ್ತ. ಆಮೇಲೆ ದೋಣಿ ಮೊದಲಿನಂತೆಯೇ ನಡೆಯಿತು. ಜನ ಹತ್ತುತ್ತಿದ್ದರು, ಇಳಿಯುತ್ತಿದ್ದರು, ಯಾರೂ ಏನೂ ಅನ್ನುತ್ತಿರಲಿಲ್ಲ. ದಡ ಬಂದಾಗ ಮಕ್ಕಳನ್ನು ಇಳಿಸಲು ಅವನು ಮುಂದೆ ಬಂದರೆ ಮಾತ್ರ ತಾಯಂದಿರು, ಬೇಡ ಬೇಡ, ನಾವೇ ಇಳಿಸುತ್ತೇವೆ ಎನ್ನುತ್ತಿದ್ದರು. ಸಾಯುವವರೆಗೂ ಹಾಗೆಯೇ ನಡೆಯಿತು.

ಗುರುಗಳು ಕತೆ ನಿಲ್ಲಿಸಿದರು. ಈರಸಂಗಪ್ಪನಿಗೆ ಸುಮ್ಮನಿರಲಾಗಲಿಲ್ಲ.

"ಅಜ್ಜಾರ, ಅಂವಾ ಖರೇನ ಕೈ ಹಿಡಿದಿದ್ನೇನ್ರಿ?"

ಗುರುಗಳು ಅವನ ಮುಖ ನೋಡಿ ಹೇಳಿದರು: "ನಾಳೆ ಊರವರು ನಿನ್ನ ಬಗ್ಗೆ ಹಿಂಗ ಕೇಳಿದ್ರ ನಾ ಏನು ಹೇಳಲೋ, ತಮ್ಮಾ?"