ಗೊರವಂಕ ಎಣಿಸಿದ ಚಿಂದಿಗಳು

ಹತ್ತಿರ ಬನ್ನಿ ಮಕ್ಕಳೇ, ಹಿಂದೆ ಕೂತವರು ಸ್ವಲ್ಪ ಮುಂದೆ ಸರಿಯಿರಿ. ತುಂಬೆಹಳ್ಳ ಅಂತ ಒಂದು ರಾಜ್ಯ ಇತ್ತು. ಎಲ್ಲಿತ್ತು ಅಂತ ಮಾತ್ರ ಕೇಳಬೇಡಿ, ಕೇಳಿದರೆ ನಾನೇ ಸಿಕ್ಕಿಹಾಕಿಕೊಳ್ಳುತ್ತೇನೆ. ಅಲ್ಲಿ ವೀರಮಲ್ಲ ಅಂತ ಒಬ್ಬ ರಾಜ. ಅವನಿಗೆ ಒಬ್ಬಳೇ ಮಗಳು, ಚೆನ್ನಾಂಬೆ. ಏಳು ವರ್ಷದ ಹುಡುಗಿ. ಕೂತಲ್ಲಿ ಕೂರುವವಳಲ್ಲ, ನಿಂತಲ್ಲಿ ನಿಲ್ಲುವವಳಲ್ಲ.

ಆ ರಾಜ್ಯದಲ್ಲಿ ಒಂದು ಪದ್ಧತಿ. ಪ್ರತಿ ಊರಿನ ಮುಂದೆ ಒಂದು ಕಂಬ, ಕಂಬದ ತುಂಬ ಗೂಟಗಳು. ಕಸುಬು ಮಾಡುವವರಿಗೆಲ್ಲ ಒಬ್ಬೊಬ್ಬರಿಗೆ ಒಂದೊಂದು ಗೂಟ. ಯಾರಿಂದಲಾದರೂ ನಿಮಗೆ ಒಳ್ಳೆಯದಾಯಿತು ಅನ್ನಿ, ಉಟ್ಟ ಬಟ್ಟೆಯ ಮೂಲೆಯಿಂದ ಒಂದು ಚಿಂದಿ ಹರಿದು ಅವರ ಗೂಟಕ್ಕೆ ಕಟ್ಟಬೇಕು. ನೋಡಿದವರಿಗೆ ಗೊತ್ತಾಗುತ್ತಿತ್ತು, ಇವರ ಹತ್ತಿರ ಹೋದರೆ ಮೋಸವಿಲ್ಲ ಅಂತ.

ಕೋಟೆ ಬಾಗಿಲಲ್ಲಿ ಮಾತಾಡುವ ಗೊರವಂಕ ಹಕ್ಕಿಯೊಂದಿತ್ತು. ಅದು ತಿಂಗಳಿಗೊಮ್ಮೆ ಊರೂರಿಗೆ ಹಾರಿ, ಎಲ್ಲರ ಚಿಂದಿ ಎಣಿಸಿಕೊಂಡು ಬರುತ್ತಿತ್ತು. ಯಾರಾದರೂ ಬಂದು, "ಕೈ ಮುರಿದಿದೆ, ಯಾರ ಹತ್ರ ಹೋಗ್ಲಿ?" ಅಂದರೆ, ಹೆಚ್ಚು ಚಿಂದಿ ಇದ್ದವರ ಹೆಸರು ಹೇಳುತ್ತಿತ್ತು. "ಗಿಡ್ಡವ್ವ, ಗಿಡ್ಡವ್ವ, ಗಿಡ್ಡವ್ವ!"

ಗಿಡ್ಡವ್ವ ಮೂಳೆ ಕಟ್ಟುವ ಮುದುಕಿ. ಅವಳ ಬೆರಳುಗಳು ಚರ್ಮದ ಮೇಲೆ ಆಡುತ್ತಲೇ ಒಳಗಿನ ಮೂಳೆಯನ್ನು ಕಾಣುತ್ತಿದ್ದವು. ಊರೂರಿಗೆ ಹೋಗಿ, ಬಿದ್ದವರನ್ನು ಹೇಗೆ ಎತ್ತಬೇಕು, ಮುರಿದ ಕೈಯನ್ನು ಹೇಗೆ ಹಿಡಿಯಬೇಕು ಅಂತ ಸುಮ್ಮನೆ ಕಲಿಸಿ ಬರುತ್ತಿದ್ದಳು. ಜನ ತಾವಾಗಿಯೇ ಚಿಂದಿ ಕಟ್ಟುತ್ತಿದ್ದರು.

ಅದೇ ಕಸುಬಿನವನು ಜಂಬಣ್ಣ. ಪೇಟ ದೊಡ್ಡದು, ಮೀಸೆ ಅದಕ್ಕಿಂತ ದೊಡ್ಡದು, ಕೈಗುಣ ಮಾತ್ರ ಅಷ್ಟಕ್ಕಷ್ಟೇ. ಅವನ ಗೂಟ ಬೋಳಾಗಿತ್ತು. ಕೆಲಸ ಕಲಿಯಬಹುದಿತ್ತಲ್ಲ? ಅದಕ್ಕೆ ವರ್ಷಗಳು ಬೇಕು. ಚಿಂದಿ ಕಟ್ಟಿಸೋಕೆ ಎಷ್ಟು ಹೊತ್ತು ಬೇಕು?

ಮೊದಲು ಸಂತೆ ದಾರಿಯಲ್ಲಿ ನಿಂತ. ಬಂದವರಿಗೆಲ್ಲ ಒಂದೊಂದು ಅಚ್ಚು ಬೆಲ್ಲ ಕೊಟ್ಟು, "ನನ್ನ ಗೂಟಕ್ಕೊಂದು ಚಿಂದಿ ಕಟ್ರಪ್ಪ" ಅಂದ. ಬೆಲ್ಲ ಎಲ್ಲರಿಗೂ ಬೇಕು, ಉಟ್ಟ ಬಟ್ಟೆ ಹರಿಯೋಕೆ ಯಾರಿಗೂ ಮನಸ್ಸಿಲ್ಲ. ಆಗ ಜಂಬಣ್ಣ ನೇಕಾರರ ಕೇರಿಯಿಂದ ಹೊಸ ಬಟ್ಟೆ ತಂದು, ಕತ್ತರಿಯಲ್ಲಿ ಕಚಕಚ ಕತ್ತರಿಸಿ, ಬೆಲ್ಲದ ಜೊತೆಗೆ ಚಿಂದಿಯನ್ನೂ ಕೊಟ್ಟ.

ಆಮೇಲೆ ಜೊತೆಗಾರರನ್ನು ಹುಡುಕಿದ. ಒಬ್ಬ ಕಮಟು ಎಣ್ಣೆ ಮಾರುವವನು, ಇನ್ನೊಬ್ಬ ಸೋರುವ ಮಡಕೆ ಮಾಡುವವನು. "ನಾನು ನಿಮಗೆ ಕಟ್ತೀನಿ, ನೀವು ನನಗೆ ಕಟ್ಟಿ." ಮೂವರೂ ಊರೂರು ಸುತ್ತಿ ಒಬ್ಬರಿಗೊಬ್ಬರು ಕಟ್ಟಿಕೊಂಡರು.

ಅದೂ ಸಾಲಲಿಲ್ಲ. ಕೊನೆಗೆ ಬೋಳುಗುಡ್ಡದ ಮೇಲೆ ಹದಿನೆಂಟು ಕಡೆ ಖಾಲಿ ಗುಡಿಸಲು ಹಾಕಿಸಿದ. ಎಲ್ಲದರ ಮುಂದೂ ಕಂಬ ನೆಟ್ಟ, ಎಲ್ಲಕ್ಕೂ ಊರಿನ ಹೆಸರಿಟ್ಟ, ಎಲ್ಲ ಕಂಬಕ್ಕೂ ತನ್ನದೇ ಚಿಂದಿ ಕಟ್ಟಿದ. ಹದಿನೆಂಟು ಊರು, ಒಂದು ನರಪಿಳ್ಳೆ ಇಲ್ಲ!

ಗೊರವಂಕ ಹಾರಿತು, ಎಣಿಸಿತು, ತಿರುಗಿ ಬಂತು. "ಜಂಬಣ್ಣ, ಜಂಬಣ್ಣ, ಜಂಬಣ್ಣ!"

ಹೀಗಿರುವಾಗ ಒಂದು ಬೆಳಿಗ್ಗೆ ಚೆನ್ನಾಂಬೆ ನೇರಳೆ ಮರ ಹತ್ತಿ ಬಿದ್ದಳು. ಮೊಣಕಾಲ ಕೆಳಗೆ ಮೂಳೆ ಮುರಿಯಿತು. ರಾಜ ಗಾಬರಿಯಿಂದ ಗೊರವಂಕವನ್ನು ಕೇಳಿದ. ಅದು ಏನು ಹೇಳಿತು ಅಂತ ನಿಮಗೆ ಗೊತ್ತೇ ಇದೆ.

ಜಂಬಣ್ಣ ಬಂದ. ಬಿದಿರು ದಬ್ಬೆ ಇಟ್ಟು, ಮೂಟೆ ಬಿಗಿದಂತೆ ಕಾಲು ಬಿಗಿದ. ಮೊದಲನೆಯ ದಿನ ಮಗು ಅತ್ತಿತು. "ಅಳೋದು ಒಳ್ಳೇದು" ಅಂದ. ಎರಡನೆಯ ದಿನ ಕಾಲು ಊದಿತು. "ಊದೋದು ಒಳ್ಳೇದು" ಅಂದ. ಮೂರನೆಯ ದಿನ ಕಾಲ್ಬೆರಳು ನೀಲಿಯಾಯಿತು. ಮಗು ಅಳುವುದನ್ನೂ ನಿಲ್ಲಿಸಿತು. "ನೋಡಿ, ನೋವೇ ಹೋಯ್ತು!" ಅಂದ. ಅಯ್ಯೋ, ನನಗಂತೂ ಹೇಳುವಾಗಲೇ ಹೊಟ್ಟೆ ಉರಿಯುತ್ತದೆ.

ಆ ಹೊತ್ತಿಗೆ ಅರಮನೆಯ ಬಟ್ಟೆ ಒಯ್ಯಲು ಮಡಿವಾಳರ ಕೆಂಚವ್ವ ಬಂದಳು. ರಾಜ್ಯದ ಬಟ್ಟೆಯೆಲ್ಲ ಒಗೆಯುತ್ತಿದ್ದುದು ಅವಳ ಮನೆಯವರೇ. ಮಗುವಿನ ಬೆರಳು ಕಂಡವಳೇ ಬಟ್ಟೆ ಗಂಟನ್ನು ಅಲ್ಲೇ ಬಿಸಾಕಿದಳು.

"ಬುದ್ಧಿ, ಈ ಕಟ್ಟು ಬಿಚ್ಚಿಸಿ. ಗಿಡ್ಡವ್ವನ್ನ ಕರೆಸಿ. ಇವತ್ತು ಬಿಟ್ರೆ ಮಗೀನ ಕಾಲು ಉಳಿಯಾಕಿಲ್ಲ."

ಜಂಬಣ್ಣ ಎದೆ ಉಬ್ಬಿಸಿದ. "ಬಟ್ಟೆ ಒಗೆಯೋಳಿಗೆ ಮೂಳೆ ವಿಚಾರ ಏನು ಗೊತ್ತು ದೊರೆಗಳೇ? ಎಷ್ಟೊಂದು ಊರಿನ ಜನ ನನಗೆ ಚಿಂದಿ ಕಟ್ಟಿದಾರೆ! ಹತ್ತು ವರ್ಷ ಉಟ್ಟ ಸೀರೆ, ಉಟ್ಟ ಪಂಚೆ, ಮೈಮೇಲಿಂದಲೇ ಹರಿದು ಕಟ್ಟಿದಾರೆ!"

"ಹಂಗಾ ಸ್ವಾಮಿ? ಉಟ್ಟ ಬಟ್ಟೇನೇ?"

"ಉಟ್ಟ ಬಟ್ಟೇನೇ! ಸುಳ್ಳಾದ್ರೆ ಈ ಪೇಟ ತೆಗೆದಿಡ್ತೀನಿ!"

ಕೆಂಚವ್ವ ರಾಜನ ಕಡೆ ತಿರುಗಿದಳು. "ಅರೆಗಳಿಗೆ ಕೊಡಿ ಬುದ್ಧಿ. ಇವರದ್ದು ಮೂರು ಚಿಂದಿ ತರಿಸಿ, ಗಿಡ್ಡವ್ವಂದು ಒಂದು."

ಗೊರವಂಕ ಭರ್ರನೆ ಹಾರಿ, ನಾಲ್ಕು ಚಿಂದಿ ಕಚ್ಚಿಕೊಂಡು ಬಂತು.

ಕೆಂಚವ್ವ ಜಂಬಣ್ಣನ ಮೊದಲ ಚಿಂದಿಯನ್ನು ತಿರುಗಿಸಿ ನೋಡಿದಳು. "ಒಗೆಯೋಕೆ ಬಂದ ಬಟ್ಟೆ ಮೂಲೆಗೆಲ್ಲ ನಾವು ಕಪ್ಪು ಗುರುತು ಹಾಕ್ತೀವಿ, ಯಾವ ಮನೇದು ಅಂತ ಗೊತ್ತಾಗ್ಲಿ ಅಂತ. ಹತ್ತು ವರ್ಷ ಉಟ್ಟಿದ್ದಕ್ಕೆ ಗುರುತೇ ಇಲ್ವಲ್ಲ?"

ಎರಡನೆಯದನ್ನು ತಂಬಿಗೆ ನೀರಲ್ಲಿ ಅದ್ದಿ ಹಿಂಡಿದಳು. ನೀರು ಬೆಳ್ಳಗಾಯಿತು. "ನೇಕಾರರ ಗಂಜಿ ಇನ್ನೂ ಬಿಟ್ಟಿಲ್ಲ ಬುದ್ಧಿ. ಇದು ಒಂದು ಸಲಾನೂ ನೀರು ಕಂಡಿಲ್ಲ."

ಮೂರನೆಯದನ್ನು ಗೊರವಂಕದ ಮುಂದೆ ಹಿಡಿದಳು. "ಇದನ್ನ ಎಲ್ಲಿಂದ ತಂದೆ?"

"ಬೋಳುಗುಡ್ಡದ ಊರಿಂದ."

"ಅಲ್ಲಿ ಒಲೆ ಹೊಗೆ ಕಂಡ್ಯಾ? ಕೋಳಿ ಕೂಗ್ತಾ? ಮಕ್ಕಳು ಕಲ್ಲು ಬೀರಿದ್ರಾ?"

ಹಕ್ಕಿ ತಲೆ ತಗ್ಗಿಸಿತು. "ಇಲ್ಲಮ್ಮ. ನಾನು ಚಿಂದಿ ಎಣಿಸಿದೆ. ಮನುಷ್ಯರನ್ನ ನೋಡ್ಲೇ ಇಲ್ಲ."

ಗಿಡ್ಡವ್ವನ ಚಿಂದಿ ಮಾಸಿತ್ತು, ಅಂಚು ಪಿಸಿದಿತ್ತು. ಕೆಂಚವ್ವ ಅದರ ಗುರುತು ನೋಡಿದ್ದೇ ತಡ, "ಇದು ಕುರುಬರ ಬೀರಮ್ಮನ ಸೀರೆ! ಹೋದ ವರ್ಷ ಬಂಡೆ ಮೇಲಿಂದ ಜಾರಿ ತೋಳು ಮುರ್ಕೊಂಡಿದ್ಲು. ಈಗ ಎರಡು ಕೊಡ ನೀರು ಹೊರ್ತಾಳೆ" ಅಂದಳು.

ಜಂಬಣ್ಣ ಮೆಲ್ಲಗೆ ಬಾಗಿಲ ಕಡೆ ಸರಿದ. ಕಾವಲಿನವರು ಹಿಡಿದರು. ಪೇಟವನ್ನು ಅವನೇ ತೆಗೆದಿಟ್ಟ.

ಗಿಡ್ಡವ್ವನನ್ನು ಕುದುರೆ ಮೇಲೆ ಕರೆತಂದರು. ಅವಳು ಬಂದವಳೇ ಮಗುವಿನ ಪಕ್ಕ ಕೂತಳು. ಕಟ್ಟು ಕತ್ತರಿಸಿದಳು. ಬಿಸಿನೀರಲ್ಲಿ ಬಟ್ಟೆ ಅದ್ದಿ ಪಾದಕ್ಕೆ ಕಾವು ಕೊಟ್ಟಳು. ಮೂಳೆ ಕೂರಿಸಿ, ದಬ್ಬೆ ಇಟ್ಟು, ಒಂದು ಬೆರಳು ನುಸುಳುವಷ್ಟು ಸಡಿಲಕ್ಕೆ ಕಟ್ಟಿದಳು. ಅಂಗಾಲಿಗೆ ಕೈಯಾಡಿಸಿದಳು. ಏನೂ ಆಗಲಿಲ್ಲ. ಇನ್ನೊಮ್ಮೆ ಆಡಿಸಿದಳು. ಏನೂ ಆಗಲಿಲ್ಲ. ಮೂರನೆಯ ಸಲ ಹೆಬ್ಬೆರಳು ಸಣ್ಣಗೆ ಅಲ್ಲಾಡಿತು.

"ಅಜ್ಜೀ, ಕಚಗುಳಿ ಇಡಬೇಡ!" ಅಂತು ಮಗು.

ರಾಜ ಅಲ್ಲೇ ನೆಲಕ್ಕೆ ಕೂತುಬಿಟ್ಟ. ನಕ್ಕನೋ ಅತ್ತನೋ ಅವನಿಗೇ ತಿಳಿಯಲಿಲ್ಲ. ಕೆಂಚವ್ವ ಸೆರಗಿನಲ್ಲಿ ಕಣ್ಣೊರೆಸಿಕೊಂಡಳು. ಇಡೀ ಅರಮನೆ ಮೂರು ದಿನದ ಮೇಲೆ ನೆಮ್ಮದಿಯಾಗಿ ಉಸಿರಾಡಿತು. ಆ ಮಧ್ಯಾಹ್ನ ಎಲ್ಲರೂ ಹೊಟ್ಟೆ ತುಂಬ ಉಂಡರು.

ಜಂಬಣ್ಣನಿಗೆ ಏನಾಯಿತು? ಅವನ ಚಿಂದಿಯನ್ನೆಲ್ಲ ಬಿಚ್ಚಿಸಿದರು, ಬೋಳುಗುಡ್ಡದ ಗುಡಿಸಲುಗಳನ್ನು ಅವನ ಕೈಯಲ್ಲೇ ಕೀಳಿಸಿದರು. ರಾಜ ಗಡೀಪಾರು ಅಂದ. ಗಿಡ್ಡವ್ವ ಮಾತ್ರ, "ಬೇರೆ ರಾಜ್ಯದ ಮಕ್ಕಳ ಕಾಲು ಮುರಿಯೋದು ಬ್ಯಾಡ ಬುದ್ಧಿ. ನನ್ನ ಹತ್ರ ನೀರು ಕಾಯಿಸ್ಕೊಂಡು ಕಲೀಲಿ" ಅಂದಳು. ರಾಜ ಒಪ್ಪಿದ. ಗೊರವಂಕವೂ ಪಾಠ ಕಲಿಯಿತು. ಅವತ್ತಿನಿಂದ ಕಟ್ಟಿದವರು ಯಾರು, ಯಾಕೆ ಕಟ್ಟಿದರು ಅಂತ ವಿಚಾರಿಸದೆ ಒಂದು ಚಿಂದಿಯನ್ನೂ ಎಣಿಸಲಿಲ್ಲ.

ಇಷ್ಟು ತಿಳಿದುಕೊಳ್ಳಿ ಮಕ್ಕಳೇ. ಜನ ನಿಮ್ಮ ಹೆಸರು ಹೇಳಬೇಕಾದರೆ ಅವರಿಗೆ ಉಪಕಾರ ಮಾಡಿ, ಹೆಸರು ಅವರೇ ಹೇಳುತ್ತಾರೆ. ಬೆಲ್ಲ ಕೊಟ್ಟು ಹೇಳಿಸಿದ ಹೆಸರನ್ನು ನಂಬಿ ಒಂದು ದಿನ ಯಾರೋ ತಮ್ಮ ಮಗುವನ್ನು ನಿಮ್ಮ ಕೈಗೆ ಕೊಡುತ್ತಾರೆ. ಆಗ ಬೇಕಾಗುವುದು ಕೆಲಸ ಬಲ್ಲ ಕೈ.