ನಕ್ಷೆಯಲ್ಲಿ ಮಲಗಬೇಕೆಂದ ಅರಸ

ಮಸಿನಾಡಿನಲ್ಲಿ ಕರಿಹೊಳೆ ಅಂತ ಒಂದು ಹೊಳೆ. ಅದರಲ್ಲಿ ಹರಿಯುತ್ತಿದ್ದದ್ದು ನೀರಲ್ಲ, ಮಸಿ. ಅರಮನೆಯ ಚಾವಡಿಯಲ್ಲಿ ನಾಡಿನ ದೊಡ್ಡ ನಕ್ಷೆಯೊಂದು ಬಟ್ಟೆಯ ಮೇಲೆ ಹಾಸಿಕೊಂಡಿತ್ತು. ಆ ಮಸಿಯಲ್ಲಿ ಅದರ ಮೇಲೆ ಏನು ಬರೆದರೂ ಸಂಜೆ ಮಸಿ ಒಣಗುವ ಹೊತ್ತಿಗೆ ನೆಲದ ಮೇಲೆ ಅದು ನಿಜವಾಗುತ್ತಿತ್ತು. ಗೆರೆ ಎಳೆದರೆ ದಾರಿ, ಚುಕ್ಕಿ ಇಟ್ಟರೆ ಊರು.

ಬರೆಯುವ ಅಧಿಕಾರ ಇದ್ದದ್ದು ಒಬ್ಬಳಿಗೇ, ಆಸ್ಥಾನದ ನಕ್ಷೆಗಾತಿ ಪದುಮಕ್ಕನಿಗೆ. ಅವಳ ಕೈ ಎಷ್ಟು ನಯವೋ ನಾಲಿಗೆ ಅಷ್ಟೇ ಚುರುಕು.

ಅರಸ ಜಟ್ಟಿಂಗರಸ ಕೆಟ್ಟವನಲ್ಲ. ಹೊಗಳಿಕೆ ಕಿವಿಗೆ ಬಿದ್ದರೆ ಮಾತ್ರ ಅವನ ಕಾಲು ನೆಲದ ಮೇಲೆ ನಿಲ್ಲುತ್ತಿರಲಿಲ್ಲ. ಒಂದು ದಿನ ಯಾವನೋ ಪರದೇಶಿ ಪಂಡಿತ ಬಂದು, "ಪ್ರಭು, ತಾವು ಬೆಟ್ಟದಂಥವರು" ಅಂದುಬಿಟ್ಟ. ಅರಸ ಕೂಡಲೇ ಪದುಮಕ್ಕನನ್ನು ಕರೆಸಿದ.

"ಪದುಮಕ್ಕ, ನಾನು ಬೆಟ್ಟದಂಥವನಂತೆ!"

"ಹೌದು ಒಡೆಯಾ. ಬೆಳಿಗ್ಗೆ ಅಲುಗಾಡಿಸೋಕೂ ಆಗಲ್ಲ ಅಂತ ರಾಣಿಯಮ್ಮನೂ ಹೇಳ್ತಿರ್ತಾರೆ."

ಅರಸ ಅದನ್ನೂ ಹೊಗಳಿಕೆ ಅಂದುಕೊಂಡ. "ಹಾಗಾದರೆ ನನ್ನನ್ನು ನಕ್ಷೆಯಲ್ಲಿ ಬರೆ. ಆನೆಗುಂಡು ಬೆಟ್ಟಕ್ಕಿಂತ ಉದ್ದಕ್ಕೆ ಬರೆ. ಸಂಜೆಯ ಹೊತ್ತಿಗೆ ನನ್ನ ಆಕಾರದ ಬೆಟ್ಟ ನಾಡಿನ ತುಂಬ ಮಲಗಿರಬೇಕು. ಪಾದ ಇಲ್ಲಿ ಬರಲಿ."

ಅವನ ಬೆರಳು ಬಿದ್ದ ಕಡೆ ತೊಗರಿಕೊಪ್ಪ ಇತ್ತು.

"ಒಡೆಯಾ, ಅಲ್ಲಿ ಊರಿದೆ, ಜನ ಇದ್ದಾರೆ."

"ಅವರಿಗೆ ಇನ್ನೆಲ್ಲಾದರೂ ಒಂದು ಚುಕ್ಕಿ ಇಡು."

"ಚುಕ್ಕಿ ಇಡಬಹುದು. ಅವರು ಬೆಳೆಸಿದ ಹುಣಸೆಮರ, ಮಣ್ಣು ಮಾಡಿದ ಹಿರಿಯರು ಚುಕ್ಕಿಯ ಹಿಂದೆ ನಡೆದು ಬರ್ತಾರೆಯೇ?"

ಅರಸನ ಮುಖ ಬಿಗಿಯಿತು. "ನೀನು ಬರೆಯದಿದ್ದರೆ ಬರೆಯುವವರು ಬೇಕಾದಷ್ಟು ಜನ ಇದ್ದಾರೆ."

ಪದುಮಕ್ಕ ಮನಸ್ಸಿನಲ್ಲೇ ಲೆಕ್ಕ ಹಾಕಿದಳು. ಕೆಲಸ ಹೋದರೆ ಹೋಗಲಿ. ಆದರೆ ಲೇಖನಿ ಇನ್ನೊಬ್ಬರ ಕೈಗೆ ಹೋದರೆ ತೊಗರಿಕೊಪ್ಪ ಸಂಜೆಯೊಳಗೆ ಕಲ್ಲಿನಡಿ ಸೇರುವುದು ಖಂಡಿತ. ಅವಳು ತಲೆಬಾಗಿ, "ಅಪ್ಪಣೆ" ಅಂದಳು. ಮಸಿ ತರುವ ನೆಪದಲ್ಲಿ ಹೊರಗೆ ಹೋಗಿ, ತೊಗರಿಕೊಪ್ಪದ ಕುರುಬ ಮಾಳಿಂಗನನ್ನು ಕರೆಸಿ ಅವನ ಕಿವಿಯಲ್ಲಿ ಏನೋ ಉಸುರಿದಳು.

ಮಧ್ಯಾಹ್ನದ ಹೊತ್ತಿಗೆ ನಕ್ಷೆಯ ಪಕ್ಕ ಕೂತು, ತೊಗರಿಕೊಪ್ಪದ ಪಕ್ಕದ ಬರಡು ಬಯಲಿನ ಜಾಗದಲ್ಲಿ ದುಂಡಗೆ ಒಂದು ಗೆರೆ ಎಳೆದಳು.

"ಏನಿದು?" ಅಂದ ಅರಸ.

"ಹೊಟ್ಟೆ ಒಡೆಯಾ. ತಾವು ಎಲ್ಲಿಗೆ ಹೋದರೂ ಮೊದಲು ತಲುಪುವುದು ಅದೇ ಅಲ್ಲವೇ? ಅಲ್ಲಿಂದಲೇ ಶುರು ಮಾಡಿದೆ."

ಅಷ್ಟರಲ್ಲಿ ಮಾಳಿಂಗ ಬಂದು ಅಡ್ಡಬಿದ್ದ. "ಬುದ್ಧಿ, ತಾವು ಬೆಟ್ಟ ಆಗ್ತೀರಂತೆ. ಹೊಕ್ಕುಳ ಹತ್ತಿರ ಕುರಿ ಮೇಯಿಸೋಕೆ ನನಗೇ ಮೊದಲು ಅಪ್ಪಣೆ ಕೊಡಬೇಕು."

"ನನ್ನ ಹೊಟ್ಟೆಯ ಮೇಲೆ ಕುರಿಯೇ?"

"ಬೆಟ್ಟ ಅಂದಮೇಲೆ ಹುಲ್ಲು ಬರ್ತದೆ, ಹುಲ್ಲು ಬಂದಮೇಲೆ ಕುರಿ ಬರ್ತಾವೆ ಬುದ್ಧಿ. ಮತ್ತೆ ನಮ್ಮ ಕಲ್ಲುಕುಟಿಗರು ಕೇಳಿಕೊಂಡು ಬಾ ಅಂದರು. ಮೊದಲ ಏಟು ಮೂಗಿಗೆ ಹಾಕೋದೋ, ಮಂಡಿಗೆ ಹಾಕೋದೋ?"

ಅರಸನ ಕೈ ತಾನಾಗಿ ಮೂಗಿನ ಮೇಲೆ ಹೋಯಿತು. "ಯಾರೂ ಮುಟ್ಟಕೂಡದು! ಸುತ್ತ ಕಾವಲು ಹಾಕಿಸುತ್ತೇನೆ. ಪದುಮಕ್ಕ, ನೀನು ತಲೆ ಬರೆ."

ಪದುಮಕ್ಕ ದಾರ ಹಿಡಿದು ನಕ್ಷೆಯ ಮೇಲೆ, ಅರಸ ಪಾದಕ್ಕೆಂದು ತೋರಿಸಿದ್ದ ಜಾಗದಿಂದ ಅಳೆಯುತ್ತಾ ಹೋದಳು. ಹೋಗಿ ನಿಂತದ್ದು ಗಡಿಯ ಆಚೆ, ಪಕ್ಕದ ನಾಡಿನ ಕಂಚರಸನ ಸೀಮೆಯಲ್ಲಿ.

"ಒಡೆಯಾ, ಆನೆಗುಂಡಿಗಿಂತ ಉದ್ದ ಆಗಬೇಕಾದರೆ ತಾವು ಕತ್ತಿನವರೆಗೆ ಮಾತ್ರ ನಮ್ಮವರು. ತಲೆ ಕಂಚರಸರ ವಶ."

"ಅಯ್ಯೋ! ತಿರುಗಿಸು. ತಲೆ ಈ ಕಡೆ ಬರಲಿ, ಕಾಲು ಆ ಕಡೆ ಹೋಗಲಿ."

"ಕಂಚರಸರ ಕೈಗೆ ತಮ್ಮ ಕಾಲು ಸಿಕ್ಕರೆ ಎಳೆಯದೆ ಬಿಡ್ತಾರಾ?"

"ಹಾಗಾದರೆ ಮಂಡಿ ಮಡಿಸಿ ಬರೆ!"

"ಬರೀತೀನಿ. 'ಜಟ್ಟಿಂಗರಸರು ನಮ್ಮ ಗಡಿಯ ಮುಂದೆ ಮಂಡಿಯೂರಿದರು' ಅಂತ ಅವರು ನಾಳೆಯೇ ಡಂಗುರ ಹೊಡೆಸ್ತಾರೆ, ಅಷ್ಟೇ."

ಪಾಪ, ಅಷ್ಟು ದೊಡ್ಡ ನಕ್ಷೆಯಲ್ಲಿ ಅರಸನಿಗೆ ಕಾಲು ಚಾಚಲು ಜಾಗವಿರಲಿಲ್ಲ. ಹೊರಗೆ ಹೊತ್ತು ಇಳಿಯುತ್ತಿತ್ತು, ಹೊಟ್ಟೆಯ ಗೆರೆ ಅಂಚಿನಲ್ಲಿ ಒಣಗತೊಡಗಿತ್ತು.

"ಬೇಡ, ಬೇಡ! ಅಳಿಸಿಬಿಡು ಪದುಮಕ್ಕ! ತಲೆಯಿಲ್ಲದ ಹೊಟ್ಟೆಯೊಂದೇ ಬಯಲಿನಲ್ಲಿ ಎದ್ದು ನಿಂತರೆ ನನ್ನ ಗತಿ ಏನು?"

"ಕರಿಹೊಳೆಯ ಮಸಿ ಅಳಿಸಿದರೆ ಇನ್ನಷ್ಟು ಹರಡ್ತದೆ ಒಡೆಯಾ. ಅಳಿಸೋಕೆ ಆಗಲ್ಲ, ತಿದ್ದಬಹುದು."

"ಏನಾದರೂ ಮಾಡು. ಊರಿನ ತಂಟೆಯೂ ಬೇಡ, ಪಾದವೂ ಬೇಡ."

ಆ ಮಾತಿಗೇ ಕಾದಿದ್ದವಳಂತೆ ಪದುಮಕ್ಕ ದುಂಡು ಗೆರೆಯ ಒಳಗೆ ಸಣ್ಣ ಸಣ್ಣ ಅಲೆಗಳನ್ನು ಎಳೆದಳು, ಪಕ್ಕಕ್ಕೆ ಒಂದು ತೂಬು, ತೂಬಿನಿಂದ ಕಾಲುವೆಗಳು. ಅರಸ ಬಗ್ಗಿ ನೋಡಿದ.

"ಇದು ಕೆರೆ!"

"ಕೆರೆಯೇ ಒಡೆಯಾ. ತೊಗರಿಕೊಪ್ಪದ ಬಯಲಿಗೆಲ್ಲ ನೀರಾಯಿತು."

ಮಾಳಿಂಗ ಬಾಯಿ ಬಿಟ್ಟು ನೋಡುತ್ತಾ ನಿಂತ. ಕೆರೆಯ ಮಾತನ್ನು ಅವನ ಕಿವಿಯಲ್ಲೂ ಪದುಮಕ್ಕ ಹೇಳಿರಲಿಲ್ಲ. ಅವನ ಕಣ್ಣಲ್ಲಿ ನೀರು ತುಂಬಿತು.

ಅರಸ ಮಾತ್ರ ಮುಖ ಸಪ್ಪಗೆ ಮಾಡಿಕೊಂಡ. "ಬೆಟ್ಟ ಆಗಬೇಕು ಅಂತ ಹೊರಟವನ ಹೊಟ್ಟೆಯನ್ನು ಹಳ್ಳ ಮಾಡಿಬಿಟ್ಟೆ. ಇದನ್ನು ಕೇಳಿದರೆ ಜನ ಏನಂದಾರು?"

ಪದುಮಕ್ಕ ಲೇಖನಿ ಒರೆಸಿ ಕೈಮುಗಿದಳು. "ಬೇರೆ ನಾಡುಗಳಲ್ಲಿ ಅರಸನ ಹೊಟ್ಟೆ ತುಂಬಿದರೆ ಪ್ರಜೆಗಳ ಹೊಟ್ಟೆ ಬರಿದಾಗ್ತದೆ ಒಡೆಯಾ. ಮಸಿನಾಡಿನಲ್ಲಿ ಮಾತ್ರ ಅರಸನ ಹೊಟ್ಟೆ ತುಂಬಿದರೆ ಎಲ್ಲರ ಹೊಟ್ಟೆಯೂ ತುಂಬ್ತದೆ ಅಂತಾರೆ!"

ಜಟ್ಟಿಂಗರಸ ನಗು ತಡೆಯಲಾರದೆ ಹೊಟ್ಟೆ ಹಿಡಿದುಕೊಂಡು ಅಲ್ಲೇ ನೆಲದ ಮೇಲೆ ಕೂತುಬಿಟ್ಟ. ತನ್ನ ಹೆಗಲ ಮೇಲಿನ ಜರಿಶಾಲು ತೆಗೆದು ಅವಳಿಗೆ ಹೊದಿಸಿ, "ನಡೆಯಿರಿ, ಮಸಿ ಒಣಗುವಷ್ಟರಲ್ಲಿ ಹೋಗಿ ದಂಡೆಯ ಮೇಲೆ ನಿಲ್ಲೋಣ. ನನ್ನ ಹೊಟ್ಟೆ ತುಂಬುವುದನ್ನು ನಾನೇ ನೋಡದಿದ್ದರೆ ಹೇಗೆ!" ಅಂದ.