ಉಳಿದ ದಿನ ಮೂರು

ತುಂಗಭದ್ರೆಯ ದಂಡೆಯ ಮೇಲೆ ಒಂದು ಮಠ. ಅಲ್ಲಿ ವ್ರತ ಹಿಡಿದವನು ಹನ್ನೆರಡು ವರ್ಷ ಹೊಳೆ ದಾಟುವಂತಿಲ್ಲ, ಮನೆಯವರು ಇತ್ತ ಬರುವಂತಿಲ್ಲ. ಕಟ್ಟುನಿಟ್ಟೆಂದರೆ ಅಷ್ಟು ಕಟ್ಟುನಿಟ್ಟು.

ಹಾಲೇಶ ವ್ರತ ಹಿಡಿದದ್ದು ಗುರುಪೂರ್ಣಿಮೆಯ ದಿನ. ಅವನಿಗಿಂತ ಮುಂಚೆ ವ್ರತ ಮುಗಿಸಿ ಹೋದವರನ್ನು ಅವನು ಕಂಡವನಲ್ಲ.

ಮಠದ ಕಚೇರಿಯ ಕಂಪ್ಯೂಟರ್ ಅವನ ಕೈಯಲ್ಲಿತ್ತು. ಸುಮ್ಮನಿರುತ್ತಾನೆಯೇ? ಎಕ್ಸೆಲ್‌ನಲ್ಲಿ ತನಗೊಂದು ಹಾಳೆ ಮಾಡಿಕೊಂಡ. ಬಂದ ದಿನ, ಜುಲೈ ಇಪ್ಪತ್ತೆರಡು. ಮುಗಿಯುವ ದಿನ, ಹನ್ನೆರಡು ವರ್ಷ ಆದಮೇಲಿನ ಜುಲೈ ಇಪ್ಪತ್ತೆರಡು. ಪಕ್ಕದ ಚೌಕದಲ್ಲಿ ಒಂದು ಸೂತ್ರ: ಮುಗಿಯುವ ದಿನದಿಂದ ಈ ಹೊತ್ತಿನ ದಿನ ಕಳೆ. ಬೆಳಿಗ್ಗೆ ಹಾಳೆ ತೆರೆದರೆ ಉಳಿದ ದಿನ ತಾನೇ ಒಂದು ಕಡಿಮೆಯಾಗಿ ಕೂತಿರುತ್ತಿತ್ತು.

ಹನ್ನೆರಡನೇ ವರ್ಷದ ಗುರುಪೂರ್ಣಿಮೆ ಬಂತು. ಪೂಜೆ ಮುಗಿದ ಮೇಲೆ ಗುರುಗಳು ಅವನ ಕೈಗೆ ಒಂದು ತೆಂಗಿನಕಾಯಿ ಇಟ್ಟರು.

"ಅವ್ವನ ಕೈಗೆ ಕೊಡಪ್ಪ," ಅಂದರು.

ಹಾಲೇಶ ಕಣ್ಣಿಗೊತ್ತಿಕೊಂಡ. ಹಾಳೆಯಲ್ಲಿ ಇನ್ನೂ ಹನ್ನೆರಡು ದಿನ ಇತ್ತು. ಕಾಯನ್ನು ಕಚೇರಿಯ ಬೀರುವಿನ ಮೇಲಿಟ್ಟ.

ಮೂರು ದಿನ ಕಳೆದು ತಂಗಿ ಕೊಟ್ರಮ್ಮನ ಫೋನು ಬಂತು.

"ಅಣ್ಣ, ಅವ್ವಗೆ ಹುಷಾರಿಲ್ಲ. ಊಟ ಬಿಟ್ಟಾಳೆ. ನಿನ್ನನ್ನೇ ಕೇಳ್ತಾಳೆ."

ಹಾಲೇಶ ಹಾಳೆ ನೋಡಿದ.

"ಇನ್ನು ಒಂಬತ್ತೇ ದಿನ ಕಣವ್ವ. ಈಗ ಬಂದ್ರೆ ಹನ್ನೆರಡು ವರ್ಷ ಹೊಳೆಗೆ ಹಾಕಿದಂಗೆ ಆಗುತ್ತೆ. ಅವ್ವಗೆ ಹೇಳು."

ಗುರುಗಳಿಗೆ ಹೇಳಲಿಲ್ಲ. ಹೇಳಿದರೆ, ಮನಸ್ಸು ಇನ್ನೂ ಮನೆಯಲ್ಲೇ ಇದೆ ಅಂದುಕೊಂಡಾರೆಂಬ ಅಂಜಿಕೆ.

ಅಲ್ಲಿಂದ ದಿನಾ ಬೆಳಿಗ್ಗೆ ಫೋನು. ತಂಗಿ ಬೇರೇನೂ ಕೇಳುತ್ತಿರಲಿಲ್ಲ.

"ಇನ್ನೆಷ್ಟು ದಿನ ಅಣ್ಣ? ಅವ್ವ ಕೇಳ್ತಿದಾಳೆ."

"ಎಂಟು."

"ಏಳು."

"ಆರು ಅಂತ ಹೇಳು. ಗಂಜಿ ಕುಡೀಬೇಕಂತೆ ಅಂತ ಹೇಳು."

ನಾಲ್ಕು ಅಂದ ದಿನ ಅವ್ವ ಬೆರಳು ಮಡಚಿ ಎಣಿಸಿದಳಂತೆ. ನಕ್ಕಳಂತೆ.

ಮರುದಿನ ಫೋನು ಬಂದಾಗ ಮೊದಲು ಬರೀ ಅಳು. ಹಾಲೇಶನಿಗೆ ಗೊತ್ತಾಯಿತು. "ಸಂಜೆಗೆ ಮಣ್ಣು, ಅಣ್ಣ," ಅಂದಳು ತಂಗಿ ಆಮೇಲೆ. ಎದುರಿಗೆ ಹಾಳೆ ತೆರೆದೇ ಇತ್ತು. ಉಳಿದ ದಿನ, ಮೂರು.

ಗುರುಗಳು ಹೊಳೆಯ ಮೆಟ್ಟಿಲ ಮೇಲೆ ಕೂತಿದ್ದರು. ಹಾಲೇಶ ಹೋಗಿ ಕಾಲಿಗೆ ಬಿದ್ದ.

"ಬುದ್ಧಿ, ಅವ್ವ ಹೋದಳು. ಸಂಜೆಗೆ ಮಣ್ಣು. ವ್ರತಕ್ಕೆ ಇನ್ನೂ ಮೂರು ದಿನ ಬಾಕಿ ಇದೆ. ನಾನೇನು ಮಾಡಲಿ?"

ಗುರುಗಳು ತಿರುಗಿ ನೋಡಿದರು.

"ಯಾವ ವ್ರತ?"

"ನನ್ನ ವ್ರತ, ಬುದ್ಧಿ."

"ನಿನ್ನ ವ್ರತ ಹುಣ್ಣಿಮೆಗೇ ಮುಗೀತಲ್ಲೋ. ಕಾಯಿ ಕೊಟ್ಟೆನಲ್ಲ."

"ಇಪ್ಪತ್ತೆರಡಕ್ಕೆ..."

"ನೀನು ಬಂದ ವರ್ಷ ಹುಣ್ಣಿಮೆ ಇಪ್ಪತ್ತೆರಡಕ್ಕೆ ಬಿದ್ದಿತ್ತು. ಈ ಸಲ ಹತ್ತಕ್ಕೇ ಬಂತು. ಹುಣ್ಣಿಮೆಗೆ ಹಿಡಿದ ವ್ರತ ಹುಣ್ಣಿಮೆಗೆ ಮುಗಿಯುತ್ತೆ."

ಹಾಲೇಶ ಬೆರಳು ಮಡಚಿ ಎಣಿಸಿದ. ಒಂಬತ್ತು ದಿನ. ಹೊಳೆ ದಾಟಿದರೆ ಊರಿಗೆ ಎರಡು ತಾಸಿನ ಬಸ್ಸು. ಅಯ್ಯೋ, ಒಂಬತ್ತು ದಿನ!

"ಹಾಗಾದರೆ ಕಂಪ್ಯೂಟರ್ ತಪ್ಪು ಹೇಳಿತಾ, ಬುದ್ಧಿ?"

"ಇಲ್ಲಪ್ಪ. ನೀನು ಕೇಳಿದ್ದಕ್ಕೆ ಅದು ಸರಿಯಾಗಿಯೇ ಹೇಳಿದೆ."

"ಅವ್ವಗೆ ಹುಷಾರಿಲ್ಲ ಅಂತ ಆವತ್ತೇ ನಿಮ್ಮ ಹತ್ರ ಒಂದು ಮಾತು ಅಂದಿದ್ದರೆ..."

ಗುರುಗಳ ಕಣ್ಣೂ ತುಂಬಿತ್ತು.

"ಕಾಯಿ ಕೊಟ್ಟಮೇಲೂ ನೀನು ಇಲ್ಲೇ ಉಳಿದೆ. ಮನೆಗೆ ಹೋಗೋ ಮನಸ್ಸಿಲ್ಲವೇನೋ ಅಂದುಕೊಂಡೆ. ಯಾಕೋ ಹಾಲೇಶ ಅಂತ ಒಂದು ಮಾತು ಕೇಳಬೇಕಿತ್ತು. ಕೇಳಲಿಲ್ಲ. ಅದು ನನ್ನ ತಪ್ಪು."

ಎದ್ದು ಕಚೇರಿಗೆ ಹೋದರು. ಬೀರುವಿನ ಮೇಲಿನ ಕಾಯನ್ನು ತೆಗೆದು ತಮ್ಮ ಶಲ್ಯದಿಂದ ಧೂಳು ಒರೆಸಿದರು. ತಂದು ಹಾಲೇಶನ ಉಡಿಗೆ ಹಾಕಿದರು.

ಹಾಲೇಶ ಬಿಕ್ಕಿ ಬಿಕ್ಕಿ ಅತ್ತ. "ಇದನ್ನ ಇನ್ನು ಯಾರ ಕೈಗೆ ಕೊಡಲಿ, ಬುದ್ಧಿ?"

"ಅವ್ವನ ಕೈಗೇ ಕೊಡು. ಸಂಜೆವರೆಗೆ ಆ ಕೈ ಇರುತ್ತೆ. ಈಗಲಾದರೂ ಎಣಿಸದೆ ಹೋಗು, ಮಗಾ."